ನಿಜಲಿಂಗಪ್ಪನವರ ಸಂಸದೀಯ ಬದುಕು

ಮಾನ್ಯರೆ,

ಎಸ್. ನಿಜಲಿಂಗಪ್ಪನವರ ಬಗ್ಗೆ ಬರೆಯುವವರೆಲ್ಲ ಏಕೀಕರಣ ಹಾಗೂ ಮುಖ್ಯಮಂತ್ರಿ ಪದವಿಯ ಬಳಿಯೇ ನಿಂತುಬಿಡುತ್ತಾರೆ. ಅವರು ಸಂವಿಧಾನ ಸಭೆಯಲ್ಲೂ ಮೊದಲ ಲೋಕಸಭೆಯಲ್ಲೂ ಕುಳಿತಿದ್ದವರೆಂಬ ಸಂಗತಿ, ಅವರ ಊರಾದ ಚಿತ್ರದುರ್ಗದಲ್ಲಿಯೇ ಇಂದಿನ ಎಷ್ಟೋ ಯುವ ವಕೀಲರಿಗೆ ತಿಳಿದಿಲ್ಲ.

1902ರಲ್ಲಿ ಹಲುವಾಗಲಿನಲ್ಲಿ ಹುಟ್ಟಿ, ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪದವಿ ಪಡೆದು, ಪುಣೆಯಲ್ಲಿ ಕಾನೂನು ಓದಿ ಬಂದ ಅವರು ವಕೀಲಿ ವೃತ್ತಿಗೆ ಆರಿಸಿಕೊಂಡದ್ದು ಮಹಾನಗರವನ್ನಲ್ಲ, ಕೋಟೆಯ ತಪ್ಪಲಿನ ಚಿತ್ರದುರ್ಗವನ್ನು. 1939ರ ತುರುವನೂರಿನ ಅರಣ್ಯ ಸತ್ಯಾಗ್ರಹದಲ್ಲಿ, ನ್ಯಾಯಾಲಯದಲ್ಲಿ ಕಕ್ಷಿದಾರರ ಪರ ನಿಲ್ಲುತ್ತಿದ್ದವರೇ ಸೆರೆಮನೆ ಸೇರಿದರು. ಮೈಸೂರು ಸಂಸ್ಥಾನದ ಈ ವಕೀಲರು ಸಂವಿಧಾನ ಸಭೆಗೆ ಆಯ್ಕೆಯಾದದ್ದು ಮುಂಬಯಿ ಪ್ರಾಂತ್ಯದಿಂದ! ಕನ್ನಡನಾಡು ಆಗ ಹೇಗೆ ಹರಿದು ಹಂಚಿಹೋಗಿತ್ತು ಎಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಕೆ?

1952ರಲ್ಲಿ ಚಿತ್ರದುರ್ಗದ ಮತದಾರರು ಅವರನ್ನು ಲೋಕಸಭೆಗೆ ಕಳುಹಿಸಿದರು. 1956ರ ನವೆಂಬರ್‌ನಲ್ಲಿ ಅವರು ವಿಶಾಲ ಮೈಸೂರಿನ ಮೊದಲ ಮುಖ್ಯಮಂತ್ರಿಯಾದರು. ಮುಂದೆ ಅಖಿಲ ಭಾರತ ಕಾಂಗ್ರೆಸ್ ಸಮಿತಿಯ (ಎಐಸಿಸಿ) ಅಧ್ಯಕ್ಷರಾಗಿ, 1969ರಲ್ಲಿ ಪ್ರಧಾನಿ ಇಂದಿರಾ ಗಾಂಧಿಯವರನ್ನೇ ಪಕ್ಷದಿಂದ ಉಚ್ಚಾಟಿಸುವಷ್ಟು ದೂರ ಹೋದರು. ಆ ನಿರ್ಧಾರ ರಾಜಕೀಯವಾಗಿ ಅವರಿಗೇ ಮುಳುವಾಯಿತೆಂಬುದು ನನ್ನ ಅಭಿಪ್ರಾಯ.

ಸಂವಿಧಾನ ಸಭೆ ಮತ್ತು ಲೋಕಸಭೆಯ ಕಲಾಪಗಳು ಮುದ್ರಿತ ರೂಪದಲ್ಲಿ ಲಭ್ಯವಿವೆ. ಅವುಗಳಲ್ಲಿನ ನಿಜಲಿಂಗಪ್ಪನವರ ಮಾತುಗಳನ್ನು ಆಯ್ದು, ಕನ್ನಡಕ್ಕೆ ತಂದು, ತಮ್ಮ ಪತ್ರಿಕೆಯ ಪುರವಣಿಯಲ್ಲಿ ಪ್ರಕಟಿಸಬೇಕೆಂದು ಕೋರುತ್ತೇನೆ.

– ಓರ್ವ ಓದುಗ, ಚಿತ್ರದುರ್ಗ