ಐರ್ಲೆಂಡಿನಲ್ಲೂ ಕೊಳೆ ಬರುತ್ತೆ ಮಾರಾಯ

ಪ್ರೀತಿಯ ಮಾರಾಯ,

ನೀನು ಫೋನಿನಲ್ಲಿ ನಕ್ಕ ನಗು ಇನ್ನೂ ಕಿವಿಯಲ್ಲಿದೆ. "ಧರ್ಮಸ್ಥಳದ ಯಾತ್ರೆ ಬಸ್ಸಿನ ಹಾಗೆ ಐರ್ಲೆಂಡನ್ನೂ ಬಸ್ಸಲ್ಲಿ ಕೂತು ನೋಡಿ ಬಂದ್ಯಾ?" ಅಂತ ಕೇಳಿದೆಯಲ್ಲ. ಹೌದು, ಹಾಗೇ ನೋಡಿ ಬಂದೆ. ಐದು ದಿನ, ಒಂದು ಪುಟ್ಟ ಬಸ್ಸು, ಹದಿಮೂರು ಜನ. ಪೂರ್ತಿ ಹೇಳೋಣ ಅಂದರೆ ನಿನ್ನ ಅಡಿಕೆ ತೋಟದಲ್ಲಿ ಸಿಗ್ನಲ್ ಸಿಗೋದಿಲ್ಲ. ಅದಕ್ಕೆ ಬರೆಯುತ್ತಿದ್ದೇನೆ. ಬರೆದಿದ್ದನ್ನು ಇಲ್ಲೂ ಹಾಕುತ್ತಿದ್ದೇನೆ, ನಮ್ಮ ಕಡೆಯ ಇನ್ನೂ ನಾಲ್ಕು ಜನ ಓದಲಿ.

ಗೈಡ್ ಅಂದರೆ ನಾನು ಮಾರುದೂರ ಓಡುವವನು, ನಿನಗೆ ಗೊತ್ತು. ಡಬ್ಲಿನ್‌ನಲ್ಲಿ ಓದುತ್ತಿರುವ ಮಗಳನ್ನು ನೋಡೋದಕ್ಕೆ ನಾವಿಬ್ಬರೂ ಜೂನ್‌ನಲ್ಲಿ ಹೋದಾಗ, ಕಾರು ಬಾಡಿಗೆಗೆ ತಗೊಂಡು ನಾನೇ ಓಡಿಸುತ್ತೇನೆ, ಅಲ್ಲೂ ಎಡಗಡೆಯೇ ತಾನೇ ಅಂತ ಹಠ ಹಿಡಿದಿದ್ದೆ. ಮಗಳು ಕಿವಿಗೇ ಹಾಕಿಕೊಳ್ಳಲಿಲ್ಲ. ಟೂರ್ ಬುಕ್ ಮಾಡಿ ಟಿಕೆಟ್ ಕೈಗಿಟ್ಟಳು. ಪಶ್ಚಿಮದ ಹಳ್ಳಿ ರಸ್ತೆ ನೋಡಿದ ಮೇಲೆ ಅವಳಿಗೆ ಮನಸ್ಸಿನಲ್ಲೇ ಕೈಮುಗಿದೆ. ಎರಡೂ ಕಡೆ ಎದೆಮಟ್ಟದ ಕಲ್ಲಿನ ಪಾಗಾರ, ನಡುವೆ ಒಂದು ಗಾಡಿಯ ದಾರಿ, ಆ ದಾರಿಯ ಮಧ್ಯದಲ್ಲಿ ಹುಲ್ಲು! ಎದುರಿಗೆ ಟ್ರ್ಯಾಕ್ಟರ್ ಬಂದರೆ ಯಾರಾದರೊಬ್ಬರು ರಿವರ್ಸ್ ಹೋಗಲೇಬೇಕು. ಇಂಥ ರಸ್ತೆಗೆ ಮೊನ್ನೆ ಮೊನ್ನೆವರೆಗೂ ಗಂಟೆಗೆ 80 ಕಿಲೋಮೀಟರ್ ಮಿತಿ ಇತ್ತಂತೆ, 2025ರ ಫೆಬ್ರವರಿಯಲ್ಲಿ 60ಕ್ಕೆ ಇಳಿಸಿದರು. ನಮ್ಮ ಹೊನ್ನಾವರ ಘಾಟಿಯಲ್ಲಿ ಓಡಿಸಿದವನಿಗೂ ಅಲ್ಲಿ 40 ದಾಟಿಸುವ ಧೈರ್ಯ ಬರುವುದಿಲ್ಲ.

ಬಸ್ಸು 16 ಸೀಟಿನದು. ಡ್ರೈವರೇ ಗೈಡ್. ಅರವತ್ತರ ಆಸುಪಾಸಿನ ಮನುಷ್ಯ, ಬಾಯಿ ಹತ್ತಿರ ಮೈಕು ಸಿಕ್ಕಿಸಿಕೊಂಡು, ಕಣ್ಣು ರಸ್ತೆ ಮೇಲಿಟ್ಟು ಮಾತಾಡುತ್ತಾ ಹೋಗುತ್ತಾನೆ. ಒಬ್ಬರಿಗೆ ಒಂದೇ ಸಣ್ಣ ಬ್ಯಾಗು. ದಿನಾ ಸೀಟು ಬದಲು, ಇವತ್ತು ಮುಂದೆ ಕೂತವರು ನಾಳೆ ಹಿಂದೆ. ಜೊತೆಯಲ್ಲಿ ಅಮೆರಿಕದವರು ಜಾಸ್ತಿ, ಎರಡು ಜರ್ಮನ್ ಜೋಡಿ, ಆಸ್ಟ್ರೇಲಿಯಾದ ಒಬ್ಬಾಕೆ. ಈಕೆ ಎಲ್ಲಿ ಇಳಿದರೂ ಹತ್ತು ನಿಮಿಷ ತಡ. ಮೂರನೇ ದಿನಕ್ಕೆ ನಮ್ಮನೆಯವಳೇ ಹೋಗಿ ಅವಳ ಕೈ ಹಿಡಿದು ಕರಕೊಂಡು ಬರೋದಕ್ಕೆ ಶುರು ಮಾಡಿದಳು.

ಈಗ ನಿನಗೆ ಹೇಳಲೇಬೇಕು ಅನಿಸಿದ್ದಕ್ಕೆ ಬರುತ್ತೇನೆ.

ಎರಡನೇ ದಿನ ಬೆಳಿಗ್ಗೆ ಗಾಲ್ವೇ ಬಿಟ್ಟು ಕನೆಮಾರಾ ಕಡೆ ಹೊರಟಿದ್ದೆವು. ಸೋನೆ ಮಳೆ, ಸೆಖೆಯೂ ಅಲ್ಲ ಚಳಿಯೂ ಅಲ್ಲ. ಇಂಥ ದಿನಕ್ಕೆ ಅವರು ಸಾಫ್ಟ್ ಡೇ ಅನ್ನುತ್ತಾರೆ, ಮೆತ್ತನೆ ದಿನ. ರೇಡಿಯೋದಲ್ಲಿ ಹವಾಮಾನ ಹೇಳುತ್ತಿದ್ದರು, ಕೊನೆಯಲ್ಲಿ 'ಪೊಟೇಟೊ ಬ್ಲೈಟ್' ಎಚ್ಚರಿಕೆ ಅಂತ ಏನೋ ಬಂತು. ಡ್ರೈವರ್ ರೇಡಿಯೋ ಆರಿಸಿ ಮೈಕಿನಲ್ಲಿ ಹೇಳಿದ: ಈ ದೇಶದಲ್ಲಿ ಇವತ್ತಿಗೂ ಆಲೂಗೆಡ್ಡೆ ರೋಗದ ಮುನ್ಸೂಚನೆ ಹವಾಮಾನದ ಜೊತೆಗೇ ಬರುತ್ತದೆ. ತಾಪಮಾನ 10 ಡಿಗ್ರಿಗಿಂತ ಕೆಳಗಿಳಿಯದೆ, ಗಾಳಿಯಲ್ಲಿ ತೇವ ಶೇಕಡಾ 90ಕ್ಕಿಂತ ಮೇಲೆ, ಹೀಗೆ 12 ಗಂಟೆ ನಿಂತರೆ ಸಾಕು, ರೋಗ ಏಳುತ್ತದೆ. ಎಲೆ ಮೇಲೆ ಕಪ್ಪು ಚುಕ್ಕೆ, ಅಂಚಿನಲ್ಲಿ ಬಿಳಿ ಬೂಸಲು, ಆಮೇಲೆ ಕೊಳೆತ ವಾಸನೆ.

ನಾನು ಪಕ್ಕಕ್ಕೆ ತಿರುಗಿ ನೋಡಿದೆ. ನಮ್ಮನೆಯವಳೂ ನನ್ನನ್ನೇ ನೋಡುತ್ತಿದ್ದಳು. "ಇದು ಕೊಳೆ ಅಲ್ವಾ?" ಅಂದಳು.

ಕೊಳೆಯೇ ಮಾರಾಯ. ನಮ್ಮ ಅಡಿಕೆಗೆ ಬರುವ ಕೊಳೆಯ ಅಣ್ಣನೋ ತಮ್ಮನೋ. ಎರಡೂ ಫೈಟಾಫ್ತೊರಾ ಅನ್ನುವ ಒಂದೇ ಕುಲದವು, ಜಾತಿ ಮಾತ್ರ ಬೇರೆ. ಆ ಹೆಸರಿಗೆ ಗ್ರೀಕ್‌ನಲ್ಲಿ ಗಿಡ ಹಾಳು ಮಾಡುವುದು ಅಂತ ಅರ್ಥ. ಕೃಷಿ ಇಲಾಖೆಯವರು ನಮ್ಮೂರ ಸೊಸೈಟಿಯಲ್ಲಿ ಕೂರಿಸಿ ಹೇಳಿದ್ದರಲ್ಲ, ನೀನು ಹಿಂದಿನ ಬೆಂಚಿನಲ್ಲಿ ನಿದ್ದೆ ಹೊಡೆದಿದ್ದೆ.

ಸಂಜೆ ಹೊತ್ತಿಗೆ ಮೇಯೋ ಜಿಲ್ಲೆಯ ಡೂಲಾಕ್ ಕಣಿವೆಗೆ ಬಂದೆವು. ಸಂಜೆ ಅಂದರೆ ಏಳೂವರೆ, ಆದರೆ ಜೂನ್‌ನಲ್ಲಿ ಅಲ್ಲಿ ಸೂರ್ಯ ಮುಳುಗೋದು ಹತ್ತು ಗಂಟೆಗೆ. ಎರಡು ಕಡೆ ಬೋಳು ಬೆಟ್ಟ, ನಡುವೆ ಕಪ್ಪಗಿನ ಸರೋವರ, ಅಂಚಿನಲ್ಲಿ ಸಪೂರ ರಸ್ತೆ. ಡ್ರೈವರ್ ಒಂದು ಕಲ್ಲಿನ ಶಿಲುಬೆಯ ಹತ್ತಿರ ನಿಲ್ಲಿಸಿ ಇಂಜಿನ್ ಆರಿಸಿದ. ಅಷ್ಟು ಹೊತ್ತು ವಟವಟ ಅನ್ನುತ್ತಿದ್ದವನು ಮೈಕು ತೆಗೆದಿಟ್ಟು ಕೆಳಗಿಳಿದು ನಿಂತು ಹೇಳಿದ.

1845ರಲ್ಲಿ ಆಲೂಗೆಡ್ಡೆಗೆ ಕೊಳೆ ಬಂತು. ಮರುವರ್ಷ ಮತ್ತೆ ಬಂತು. ಬಡವರಿಗೆ ಮೂರು ಹೊತ್ತೂ ಅದೇ ಊಟ, ದೊಡ್ಡಾಳು ದಿನಕ್ಕೆ ಐದಾರು ಕಿಲೋ ತಿನ್ನುತ್ತಿದ್ದನಂತೆ. ಹೊಲದಲ್ಲಿ ಗೋಧಿ, ಓಟ್ಸ್ ಬೆಳೆದಿತ್ತು, ಆದರೆ ಅದು ಜಮೀನ್ದಾರನ ಗೇಣಿಗೆ. ಜನ ಸಾಯುತ್ತಿದ್ದಾಗಲೂ ಧಾನ್ಯ ಹಡಗು ಹತ್ತಿ ಹೋಗುತ್ತಿತ್ತು. ಏಳು ವರ್ಷದಲ್ಲಿ ಸುಮಾರು ಹತ್ತು ಲಕ್ಷ ಜನ ಸತ್ತರು, ಇನ್ನೊಂದು ಹತ್ತು ಲಕ್ಷ ದೇಶ ಬಿಟ್ಟರು. 1841ರಲ್ಲಿ ಆ ದ್ವೀಪದಲ್ಲಿ 80 ಲಕ್ಷದ ಮೇಲೆ ಜನ ಇದ್ದರು. ಇವತ್ತಿಗೂ ಆ ಲೆಕ್ಕ ಮುಟ್ಟಿಲ್ಲ.

ಈ ಕಣಿವೆಯದು 1849ರ ಮಾರ್ಚಿನ ಕಥೆ. ಲೂಯಿಸ್‌ಬರ್ಗ್ ಅನ್ನುವ ಊರಿನಲ್ಲಿ ಗಂಜಿಗಾಗಿ ನೂರಾರು ಜನ ಸೇರಿದ್ದರು. ನಿಜಕ್ಕೂ ಬಡವರು ಹೌದೋ ಅಲ್ಲವೋ ಅಂತ ಅಧಿಕಾರಿಗಳು ತಪಾಸಣೆ ಮಾಡಬೇಕಿತ್ತು. ಅವರು ಉಳಿದುಕೊಂಡಿದ್ದು ಡೆಲ್ಫಿಯ ಬಂಗಲೆಯಲ್ಲಿ, ಹತ್ತು ಹನ್ನೆರಡು ಮೈಲಿ ಆಚೆ. ಅಲ್ಲಿಗೇ ಬನ್ನಿ, ಬರದಿದ್ದರೆ ಪಟ್ಟಿಯಿಂದ ಹೆಸರು ತೆಗೆಯುತ್ತೇವೆ ಅಂದರು. ಜನ ಆ ಚಳಿಯಲ್ಲಿ ಇದೇ ದಾರಿ ಹಿಡಿದು ನಡೆದರು. ದಾರಿಯಲ್ಲೇ ಹೆಣವಾದವರು ಎಷ್ಟೋ.

ಆ ಶಿಲುಬೆಯ ಮೇಲೆ ಏನಿದೆ ಗೊತ್ತಾ, ಗಾಂಧೀಜಿಯ ಮಾತು! ತಮ್ಮ ಥರದ್ದೇ ಮನುಷ್ಯರನ್ನು ಅವಮಾನಿಸಿ ಅದರಲ್ಲಿ ಯಾರಾದರೂ ಹೇಗೆ ಗೌರವ ಕಾಣುತ್ತಾರೆ ಅನ್ನುವ ಅರ್ಥದ್ದು. ಬಸ್ಸಿನವರೆಲ್ಲ ನಮ್ಮಿಬ್ಬರ ಕಡೆ ತಿರುಗಿದರು, ನಾವೇ ಬರೆಸಿ ಹಾಕಿಸಿದ ಹಾಗೆ. ಏನು ಮಾಡಬೇಕೋ ತಿಳಿಯದೆ ಸುಮ್ನೆ ತಲೆ ಅಲ್ಲಾಡಿಸಿದೆ.

ಆಮೇಲೆ ಡ್ರೈವರ್ ಬೆಟ್ಟದ ಕಡೆ ಕೈ ತೋರಿಸಿದ. ಮೊದಲು ನನಗೆ ಏನೂ ಕಾಣಲಿಲ್ಲ, ಹಸಿರು, ಅಲ್ಲಲ್ಲಿ ಕುರಿ, ಅಷ್ಟೇ. ಮೋಡ ಸರಿದು ಬಿಸಿಲು ಓರೆಯಾಗಿ ಬಿದ್ದಾಗ ಇಳಿಜಾರಿನ ಮೈಮೇಲೆ ಉದ್ದುದ್ದ ಗೆರೆ ಎದ್ದವು, ಎಣ್ಣೆ ಹಚ್ಚಿ ಬಾಚಣಿಗೆಯಲ್ಲಿ ಬಾಚಿದ ಹಾಗೆ, ಒಂದರ ಪಕ್ಕ ಒಂದು, ಯಾರೂ ವಾಸ ಇರಲಾರದಷ್ಟು ಮೇಲಿನವರೆಗೂ. ಆಲೂಗೆಡ್ಡೆ ನೆಡೋದಕ್ಕೆ ಎತ್ತರಿಸಿದ ದಿಂಡುಗಳು ಅವು. ಎತ್ತು ಹತ್ತದ ಜಾಗದಲ್ಲಿ ಗುದ್ದಲಿಯಲ್ಲೇ ಅಗೆದು, ಕಡಲ ಪಾಚಿ ಹೊತ್ತು ತಂದು ಗೊಬ್ಬರ ಹಾಕಿ ಮಾಡಿದವು. ಕೊಳೆ ಬಂದ ಮೇಲೆ ನೆಟ್ಟವರು ಸತ್ತರು, ಇಲ್ಲಾ ಊರು ಬಿಟ್ಟರು. ಆಮೇಲೆ ಅಲ್ಲಿ ಯಾರೂ ನೆಡಲಿಲ್ಲ. ದಿಂಡು ಹಾಗೇ ಉಳಿದವು, ಮೇಲೆ ಹುಲ್ಲು ಬಂತು. 175 ವರ್ಷ ಆಯಿತು. ನಾನು ಕಾರಿನಲ್ಲಿ ಬಂದಿದ್ದರೆ "ಎಷ್ಟು ಚೆಂದದ ಬೆಟ್ಟ" ಅಂತ ಫೋಟೋ ಹೊಡೆದು ಮುಂದೆ ಹೋಗುತ್ತಿದ್ದೆ. ಗೈಡ್ ವಿಷಯದಲ್ಲಿ ನಾನು ಸೋತೆ ಅಂತ ಇಲ್ಲೇ ಒಪ್ಪಿಕೊಳ್ಳುತ್ತೇನೆ.

ರಾತ್ರಿ ಡ್ರೈವರ್ ಜೊತೆ ಕೂತು ನಮ್ಮ ಕಡೆಯ ಕಥೆ ಹೇಳಿದೆ. ಅಡಿಕೆ ಅಂದರೇನು ಅಂತ ಅರ್ಥ ಮಾಡಿಸೋದಕ್ಕೇ ಅರ್ಧ ಗಂಟೆ ಹಿಡಿಯಿತು. ಕೊಳೆಗೆ ನಾವು ಹೊಡೆಯೋದು ಬೋರ್ಡೋ ದ್ರಾವಣ, ಮೈಲುತುತ್ತ, ಸುಣ್ಣ ಒಂದೊಂದು ಕಿಲೋ, ನೂರು ಲೀಟರ್ ನೀರು ಅಂದೆ. ಅವನು ಕುಣಿದುಬಿಟ್ಟ. ಅವನ ಅಜ್ಜನೂ ಆಲೂಗೆಡ್ಡೆಗೆ ಅದನ್ನೇ ಹೊಡೆಯುತ್ತಿದ್ದನಂತೆ! ಈ ದ್ರಾವಣ ಹುಟ್ಟಿದ್ದು 1880ರ ದಶಕದಲ್ಲಿ, ಫ್ರಾನ್ಸಿನ ದ್ರಾಕ್ಷಿ ತೋಟದಲ್ಲಿ. ಐರ್ಲೆಂಡಿನವರಿಗೆ ಅದು ಬರುವಷ್ಟರಲ್ಲಿ ಆಗಬಾರದ್ದು ಆಗಿಹೋಗಿತ್ತು. ನಮಗೆ 1910ರ ಹೊತ್ತಿಗೆ ಮೈಸೂರು ಸಂಸ್ಥಾನದ ಕೃಷಿ ಇಲಾಖೆಯ ಕೋಲ್ಮನ್ ಅದನ್ನು ಗೊನೆಗೆ ಹೊಡೆಯಿರಿ ಅಂತ ತೋರಿಸಿಕೊಟ್ಟರು. ಅದಕ್ಕೂ ಮೊದಲು ನಮ್ಮಜ್ಜಂದಿರಿಗೆ ಮಳೆ ತಾಗದ ಹಾಗೆ ಗೊನೆಗೆ ಹೊದಿಕೆ, ಅಂದರೆ ಕೊಟ್ಟೆ, ಕಟ್ಟುವುದು ಬಿಟ್ಟರೆ ಬೇರೆ ಏನಿತ್ತು ಹೇಳು? ಅಡಿಕೆ ಮರ ಹತ್ತುವ ನಮ್ಮ ಕೊನೆಗೌಡ ಒಂದು ಮರದಿಂದ ಇನ್ನೊಂದು ಮರಕ್ಕೆ ಜೀಕಿಕೊಂಡು ಹೋಗುವ ವಿಡಿಯೋ ತೋರಿಸಿದೆ. ಅವನು ಅದನ್ನು ಮೂರು ಸಲ ನೋಡಿದ.

ಉಳಿದಿದ್ದೆಲ್ಲ ನೀನು ಗೂಗಲ್‌ನಲ್ಲಿ ನೋಡಬಹುದು, ಆದರೂ ಸ್ವಲ್ಪ ಹೇಳುತ್ತೇನೆ. ಕನೆಮಾರಾದಲ್ಲಿ ಬ್ಯಾಲಿನಾಹಿಂಚ್ ಅಂತ ಒಂದು ಬಂಗಲೆ ಇದೆ, ಹೊಳೆ ಪಕ್ಕದಲ್ಲಿ. ಅದನ್ನು 1924ರಲ್ಲಿ ಕೊಂಡವನು ಯಾರು ಅಂದುಕೊಂಡೆ? ನಮ್ಮ ರಣಜಿ ಟ್ರೋಫಿಯ ರಣಜಿತ್‌ಸಿಂಹಜಿ! ಮೀನು ಹಿಡಿಯೋದಕ್ಕೆ ಬರುತ್ತಿದ್ದನಂತೆ. ಅಲ್ಲೇ ಜವುಗು ನೆಲದಲ್ಲಿ ಮಣ್ಣನ್ನೇ ಇಟ್ಟಿಗೆ ಥರ ಕೊಯ್ದು, ಒಂದಕ್ಕೊಂದು ಆನಿಸಿ ಗಾಳಿಗೆ ಒಣಗಿಸುತ್ತಾರೆ. ಟರ್ಫ್ ಅಂತಾರೆ. ಸಾವಿರಾರು ವರ್ಷದ ಪಾಚಿ ಕೊಳೆತು ಆಗಿದ್ದು. ಒಲೆಗೆ ಹಾಕಿದರೆ ಬೆರಣಿ ಹೊಗೆಗಿಂತ ಸ್ವಲ್ಪ ಸಿಹಿಯಾದ ವಾಸನೆ. ಹಸಿ ಇದ್ದಾಗ ಕೈಯಲ್ಲಿ ಹಿಡಿದರೆ ಥೇಟ್ ತಣ್ಣಗಿನ ಹಲ್ವಾ.

ಮೋಹರ್ ಕಡಿದಾದ ಬಂಡೆ, 214 ಮೀಟರ್ ಎತ್ತರ, ಕೆಳಗೆ ಅಟ್ಲಾಂಟಿಕ್, ಎಲ್ಲ ಪೋಸ್ಟರಿನಲ್ಲೂ ಅದೇ. ನಾವು ಹೋದಾಗ ಕಾವಳ. ಬಿಳಿ ಪಂಚೆ ಇಳಿಬಿಟ್ಟ ಹಾಗೆ, ಮುಂದೆ ನಿಂತವನ ಟೋಪಿಯೂ ಕಾಣಲಿಲ್ಲ. ದೊಡ್ಡ ಬಸ್ಸಿನವರು ಅದರಲ್ಲೇ ಸೆಲ್ಫಿ ತೆಗೆದುಕೊಂಡು ಹೊರಟರು. ನಮ್ಮ ಡ್ರೈವರ್ "ಊಟ ಆಮೇಲೆ, ಬನ್ನಿ" ಅಂತ ಬಸ್ಸು ತಿರುಗಿಸಿ ಬರ್ರೆನ್‌ಗೆ ಕರಕೊಂಡು ಹೋದ. ಅದು ಬರೀ ಸುಣ್ಣಕಲ್ಲಿನ ಹಾಸು, ಬಿರುಕಿನ ಒಳಗೆಲ್ಲ ಹೂವು. ಅಲ್ಲಿ ದನಗಳನ್ನು ಗುಡ್ಡ ಹತ್ತಿಸೋದು ಚಳಿಗಾಲದಲ್ಲಿ, ಬೇಸಿಗೆಯಲ್ಲಿ ಅಲ್ಲ, ಕಲ್ಲು ಕಾವು ಹಿಡಿದಿಟ್ಟುಕೊಳ್ಳುತ್ತೆ ಅಂತ. ಮೂರು ಗಂಟೆ ಬಿಟ್ಟು ಮತ್ತೆ ಮೋಹರ್‌ಗೆ ಬಂದರೆ ಎಲ್ಲ ಲಕಲಕ! ದೊಡ್ಡ ಬಸ್ಸಿನಲ್ಲಿ ಇದು ಆಗುವ ಮಾತಲ್ಲ.

ಊಟದ ಕಥೆ ಕೇಳಬೇಡ. ಹೊರಡುವಾಗಲೇ ಸಸ್ಯಾಹಾರಿ ಅಂತ ಬರೆದು ಕೊಟ್ಟಿದ್ದೆವು. ಒಂದು ಊರಿನ ಮನೆ-ಹೋಟೆಲಿನಲ್ಲಿ ಬೆಳಗಿನ ತಟ್ಟೆಯಲ್ಲಿ ಕಪ್ಪಗೆ ದುಂಡಗೆ ಎರಡು ಬಿಲ್ಲೆ ಇತ್ತು, ಪುಡ್ಡಿಂಗ್ ಅಂದರು. ಪುಡ್ಡಿಂಗ್ ಅಂದರೆ ಸಿಹಿ ಅಲ್ವಾ ಅಂತ ನಮ್ಮನೆಯವಳು ಫೋರ್ಕ್ ಚುಚ್ಚಿದಳು. ಆಸ್ಟ್ರೇಲಿಯಾದವಳು ಓಡಿ ಬಂದು ಕೈ ಹಿಡಿದುಕೊಂಡಳು. ಹಂದಿ ರಕ್ತದಲ್ಲಿ ಮಾಡಿದ್ದು ಮಾರಾಯ! ಅವತ್ತಿನಿಂದ ಅವಳು ಎಷ್ಟು ತಡ ಮಾಡಿದರೂ ನಮ್ಮನೆಯವಳು ಚಕಾರ ಎತ್ತಲಿಲ್ಲ. ಸೋಡಾ ಹಾಕಿದ ಕಂದು ಬ್ರೆಡ್ಡು, ಬೆಣ್ಣೆ, ತರಕಾರಿ ಸೂಪು, ಓಟ್ಸ್ ಗಂಜಿ, ಇಷ್ಟರಲ್ಲೇ ಐದು ದಿನ ಕಳೆದೆವು. ಬೆಣ್ಣೆ ಮಾತ್ರ ನಮ್ಮ ಮನೆಯದಕ್ಕೆ ಸಮ.

ಶ್ಯಾನನ್ ನದಿಯನ್ನು ಬಸ್ಸು ಸಮೇತ ಫೆರಿಯಲ್ಲಿ ದಾಟಿ ಡಿಂಗಲ್‌ಗೆ ಹೋದೆವು. ಅಲ್ಲಿ ಕೆಲವು ಕಡೆ ರಸ್ತೆ ಬೋರ್ಡು ಐರಿಷ್‌ನಲ್ಲಿ ಮಾತ್ರ, ಇಂಗ್ಲಿಷೇ ಇಲ್ಲ. ರಸ್ತೆ ಮೇಲೆ 'ಗೊ ಮಾಲ್' ಅಂತ ಬರೆದಿರುತ್ತಾರೆ. ಅಮೆರಿಕದವನೊಬ್ಬ ಮಾಲ್ ಎಲ್ಲಿದೆ ಅಂತ ಹುಡುಕಿದ. ಅದರ ಅರ್ಥ ನಿಧಾನವಾಗಿ ಅಂತ! ಅವರ ಭಾಷೆಯಲ್ಲಿ ಹೌದು, ಇಲ್ಲ ಅನ್ನೋದಕ್ಕೆ ಬಿಡಿ ಪದವೇ ಇಲ್ಲವಂತೆ. 'ಊಟ ಮಾಡಿದ್ಯಾ' ಅಂದರೆ 'ಮಾಡಿದೆ', 'ಮಾಡಿಲ್ಲ'. ಬಸ್ಸಿನವರೆಲ್ಲ ಅಬ್ಬಾ ಅಂದರು. ಇದರಲ್ಲಿ ಅಬ್ಬಾ ಅನ್ನೋದು ಏನಿದೆ, ನಮ್ಮ ಮನೆಯಲ್ಲಿ ಯಾರು ಹೌದು ಅಂತಾರೆ? ಆಚೆ ಸಮುದ್ರದಲ್ಲಿ ಬ್ಲಾಸ್ಕೆಟ್ ದ್ವೀಪ ಕಾಣುತ್ತದೆ. 1953ರಲ್ಲಿ ಅಲ್ಲಿ ಉಳಿದಿದ್ದ ಇಪ್ಪತ್ತು ಚಿಲ್ಲರೆ ಜನರನ್ನೂ ಸರ್ಕಾರ ದಡಕ್ಕೆ ಕರೆತಂತು. ಹುಡುಗರು ಊರು ಬಿಟ್ಟು ಹೆಚ್ಚಾಗಿ ಮುದುಕರೇ ಉಳಿದಿದ್ದರಂತೆ. ನಮ್ಮ ಕೇರಿಯಲ್ಲಿ ಈಗ ಎಷ್ಟು ಮನೆಗೆ ಬೀಗ ಬಿದ್ದಿದೆ ಅಂತ ಮನಸ್ಸಿನಲ್ಲೇ ಎಣಿಸಿದೆ, ಬೀಗ ಹಾಕಿದವರಲ್ಲಿ ನಾನೂ ಒಬ್ಬ.

ಕಿಲಾರ್ನಿ ಕಾಡಿನಲ್ಲಿ ನೇರಳೆ ಹೂವಿನ ಪೊದೆ ನೋಡಿ ಎಲ್ಲರೂ ಕ್ಯಾಮೆರಾ ತೆಗೆದರು. ರೋಡೊಡೆಂಡ್ರಾನ್. ಹೊರಗಿನಿಂದ ತಂದು ನೆಟ್ಟಿದ್ದು ಕಾಡನ್ನೇ ನುಂಗುತ್ತಿದೆ, ಕಡಿದಷ್ಟೂ ಚಿಗುರುತ್ತದೆ. ನಮ್ಮ ಲಂಟಾನ.

ನೀನೂ ಹೋಗುವುದಾದರೆ ಒಂದು ಮಾತು. ಯುರೋಪಿನ ಹಲವು ದೇಶಕ್ಕೆ ಒಂದೇ ವೀಸಾ ನಡೆಯುವ ಶೆಂಗೆನ್ ಒಳಗೆ ಐರ್ಲೆಂಡ್ ಇಲ್ಲ, ವೀಸಾ ಬೇರೆಯೇ ಬೇಕು. ಬೆಲ್‌ಫಾಸ್ಟ್ ಕಡೆ ಹೋಗುವ ಟೂರ್ ಆದರೆ ಅದು ಬ್ರಿಟನ್ನಿನ ನೆಲ, ಗಡಿಯಲ್ಲಿ ಯಾರೂ ತಡೆಯೋದಿಲ್ಲ ಅಂತ ಸುಮ್ನೆ ದಾಟಿಬಿಡಬೇಡ, ಅದಕ್ಕೂ ವೀಸಾ ಸರಿ ಇರಬೇಕು. ಕೊಡೆ ಒಯ್ಯಬೇಡ, ಗಾಳಿಗೆ ತಿರುಚಿಕೊಳ್ಳುತ್ತದೆ. ನಮ್ಮದು ಮೊದಲ ದಿನವೇ ಹೋಯಿತು.

ಡ್ರೈವರ್ ಬೀಳ್ಕೊಡುವಾಗ ನಿನ್ನ ತೋಟದ ವಿಷಯ ಕೇಳಿದ. ಈ ವರ್ಷ ಮಳೆ ಹೇಗಿದೆ, ನಿನ್ನ ಗೆಳೆಯ ಔಷಧಿ ಹೊಡೆಸಿದನಾ ಅಂತ. ನನಗೆ ಗೊತ್ತಿರಲಿಲ್ಲ. ವಾಟ್ಸಾಪ್‌ನಲ್ಲಿ ನಿನ್ನೆ ಮತ್ತೆ ಕೇಳಿದ್ದಾನೆ. ಮೊದಲನೇ ಸಲದ್ದು ಮಳೆಗೆ ಮೊದಲು ಆಯಿತಾ? ಎರಡನೆಯದಕ್ಕೆ ಕೊನೆಗೌಡ ಸಿಕ್ಕಿದನಾ, ಇಲ್ಲಾ ನೆಲದಿಂದ ಉದ್ದ ಕೋಲಿನ ದೋಟಿಯಲ್ಲೇ ಹೊಡೆಸುತ್ತೀಯಾ? ಬೇಗ ತಿಳಿಸು, ಅವನಿಗೆ ಹೇಳಬೇಕು.

ಇಂತಿ ನಿನ್ನ
ಬೆಂಗಳೂರಿನವನು