ನವೆಂಬರ್ 1 ಗಡಿಯಾಚೆಗೂ ಇದೆ

ಮಾನ್ಯ ಸಂಪಾದಕರೇ,

‘ಇತಿಹಾಸದಲ್ಲಿ ಈ ದಿನ’ ಅಂಕಣಗಳಲ್ಲಿ ನವೆಂಬರ್ 1 ಬಂದರೆ ಕರ್ನಾಟಕ ರಾಜ್ಯೋತ್ಸವ, ಅಲ್ಲಿಗೆ ಮುಗಿಯಿತು. ಕಾಸರಗೋಡಿನ ಕನ್ನಡಿಗರಿಗೆ ಅಷ್ಟು ಸಲೀಸಲ್ಲ. 1956ರ ಅದೇ ದಿನ ಕೇರಳವೂ ಹುಟ್ಟಿತು. ಅಲ್ಲಿಯವರೆಗೆ ಮದ್ರಾಸ್ ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದ ನಮ್ಮ ತಾಲೂಕು ಕೇರಳಕ್ಕೆ ಹೋಯಿತು, ಮಂಗಳೂರು ಮೈಸೂರು ರಾಜ್ಯಕ್ಕೆ. ಹಾಗಾಗಿ ಅಲ್ಲಿ ರಾಜ್ಯೋತ್ಸವ, ಇಲ್ಲಿ ಕೇರಳ ಪಿರವಿ, ಅಂದರೆ ಕೇರಳ ಹುಟ್ಟಿದ ದಿನ. ಚಂದ್ರಗಿರಿ ಹೊಳೆಯ ಉತ್ತರದ ಭಾಗ ಮೈಸೂರಿಗೆ ಸೇರಬೇಕು ಎಂದು ಗಡಿ ವಿವಾದಕ್ಕಾಗಿ ಕೇಂದ್ರ ನೇಮಿಸಿದ್ದ ಮಹಾಜನ ಆಯೋಗ 1967ರಲ್ಲಿ ಹೇಳಿತು. ವರದಿ ಜಾರಿಯಾಗಲೇ ಇಲ್ಲ!

ಕೇರಳದ ಇನ್ನೊಂದು ತುದಿಯಲ್ಲಿ ನಡೆದದ್ದು ಇದಕ್ಕೆ ಉಲ್ಟಾ. ತಿರುವಾಂಕೂರು-ಕೊಚ್ಚಿಯಲ್ಲಿದ್ದ ಕನ್ಯಾಕುಮಾರಿ ಕಡೆಯ ತಮಿಳು ತಾಲೂಕುಗಳು ಅದೇ ದಿನ ಮದ್ರಾಸಿಗೆ ಸೇರಿದವು. ಅವರಿಗೆ ಸಿಕ್ಕಿದ್ದು ನಮಗೆ ಸಿಗಲಿಲ್ಲ, ಅಲ್ವಾ?

ಈ ತಾರೀಖುಗಳು ಸುಮ್ನೆ ಕೂಡಿಬಂದವಲ್ಲ. 1956ರದ್ದೆಲ್ಲ ರಾಜ್ಯ ಪುನರ್ವಿಂಗಡಣೆ ಕಾಯ್ದೆಯ ಫಲ. 1973ರಲ್ಲಿ ಮೈಸೂರಿಗೆ ಕರ್ನಾಟಕ ಎಂಬ ಹೆಸರು ಬಂದದ್ದೂ ನವೆಂಬರ್ 1ರಂದೇ. ಹರಿಯಾಣ (1966), ಛತ್ತೀಸಗಢ (2000) ಕೂಡ ಇದೇ ದಿನ ಹುಟ್ಟಿದವು.

ಮುಂದಿನ ನವೆಂಬರ್‌ನಲ್ಲಿ ರಾಜ್ಯೋತ್ಸವದ ಪಕ್ಕದಲ್ಲೇ ಕಾಸರಗೋಡು, ಕನ್ಯಾಕುಮಾರಿಗೂ ಸ್ವಲ್ಪ ಜಾಗ ಕೊಡಿ.

– ಓದುಗ, ಮಂಜೇಶ್ವರ