ಜೊಂಡಿನ ಕಟ್ಟು ಮಾಡುವ ಕೆಲಸ

ಪ್ರಿಯ ತಮ್ಮ,

ನಿನ್ನ ಕಥೆ ಓದಿದೆ. ಗಂಡ ಹೆಂಡತಿಯ ಮನಸ್ಸಿನಲ್ಲಿ ಏನೇನು ಓಡುತ್ತಿದೆ ಅಂತ ಪುಟಗಟ್ಟಲೆ ಬರೆದಿದ್ದೀಯ. ಆದರೆ ಅವರಿಬ್ಬರೂ ನನ್ನ ಕಣ್ಣಿಗೆ ಕಾಣಲೇ ಇಲ್ಲ. ಒಂದು ಹಳೇ ಸಿನಿಮಾ ಹೇಳುತ್ತೇನೆ, ಪುರುಸೊತ್ತು ಮಾಡಿಕೊಂಡು ನೋಡು. 1927ರ ‘ಸನ್‌ರೈಸ್’. ಜರ್ಮನಿಯಿಂದ ಹಾಲಿವುಡ್‌ಗೆ ಬಂದ ಎಫ್. ಡಬ್ಲ್ಯು. ಮುರ್ನೌ ಫಾಕ್ಸ್ ಕಂಪನಿಗೆ ಮಾಡಿಕೊಟ್ಟ ಮೂಕಿಚಿತ್ರ.

ಹಳ್ಳಿಯ ರೈತನೊಬ್ಬ ಪಟ್ಟಣದಿಂದ ಬಂದವಳ ಮೋಹಕ್ಕೆ ಬೀಳುತ್ತಾನೆ. ಹೆಂಡತಿಯನ್ನು ದೋಣಿಯಲ್ಲಿ ಕರೆದುಕೊಂಡು ಹೋಗಿ ಮುಳುಗಿಸಿಬಿಡು ಅಂತ ಅವಳು ಹೇಳಿಕೊಡುತ್ತಾಳೆ. ಇಷ್ಟೇ ಕಥೆ. ಪಾತ್ರಗಳಿಗೆ ಹೆಸರೂ ಇಲ್ಲ.

ನೀನು ಗಮನಿಸಬೇಕಾದ್ದು ಜೊಂಡನ್ನು. ದೋಣಿ ಮಗುಚಿದ ಮೇಲೆ ನೀನು ಇದನ್ನು ಹಿಡಿದು ತೇಲು ಅಂತ ಪಟ್ಟಣದವಳು ನೀರಂಚಿನ ಜೊಂಡು ಕಿತ್ತು ಕೊಡುತ್ತಾಳೆ. ಅವನು ಕಟ್ಟನ್ನು ಬಚ್ಚಿಡುತ್ತಾನೆ. ದೋಣಿಯಲ್ಲಿ ಕೊಲ್ಲಲು ಕೈ ಬರುವುದಿಲ್ಲ. ಹೆದರಿದ ಹೆಂಡತಿ ದಡ ಸೇರಿದ್ದೇ ಓಡಿ ಟ್ರಾಮ್ ಹತ್ತುತ್ತಾಳೆ, ಅವನೂ ಹಿಂದೆಯೇ ಹತ್ತುತ್ತಾನೆ. ಪಟ್ಟಣದಲ್ಲಿ ಯಾರದೋ ಮದುವೆ ನೋಡುತ್ತಾ ಇಬ್ಬರೂ ಮತ್ತೆ ಒಂದಾಗುತ್ತಾರೆ. ರಾತ್ರಿ ವಾಪಸು ಬರುವಾಗ ಬಿರುಗಾಳಿ. ಆಗ ಅದೇ ಜೊಂಡನ್ನು ಅವನು ಹೆಂಡತಿಯ ಮೈಗೆ ಕಟ್ಟುತ್ತಾನೆ! ಕೊಲೆ ಮಾಡಿ ಬಚಾವಾಗಲು ಇಟ್ಟುಕೊಂಡ ವಸ್ತು ಅವಳ ಜೀವ ಉಳಿಸುತ್ತದೆ. ‘ಅವನು ಬದಲಾದ’ ಅಂತ ಯಾರಾದರೂ ಹೇಳಬೇಕಾ?

ಬಿರುಗಾಳಿ ಸ್ವಲ್ಪ ಅನುಕೂಲಕ್ಕೆ ಬಂದ ಹಾಗಿದೆ, ಒಪ್ಪುತ್ತೇನೆ. ಹೆರ್ಮನ್ ಸುಡರ್‌ಮನ್ ಅವರ ಮೂಲ ಕಥೆಯಲ್ಲಿ ಕೊನೆಗೆ ಗಂಡ ನೀರುಪಾಲಾಗುತ್ತಾನೆ. ಚಿತ್ರಕಥೆ ಬರೆದ ಕಾರ್ಲ್ ಮೇಯರ್ ಇಬ್ಬರನ್ನೂ ಬದುಕಿಸಿದರು. ಸುಖಾಂತ್ಯ ಅಂದರೆ ನನಗೆ ಅನುಮಾನ ಜಾಸ್ತಿ, ನಿನಗೇ ಗೊತ್ತಲ್ಲ. ಇಲ್ಲಿ ಮಾತ್ರ ತಕರಾರಿಲ್ಲ. ಆ ಜೊಂಡು ಮೊದಲೇ ಬಂದು ಕೂತಿತ್ತು.

ಇನ್ನು ನಟರು. ಗಂಡನಾಗಿ ಜಾರ್ಜ್ ಒಬ್ರಿಯನ್. ಅವರ ಬೂಟಿನಲ್ಲಿ ಮುರ್ನೌ ಸೀಸದ ತೂಕ ಇಡಿಸಿದ್ದರು. ಅಪರಾಧ ಹೊತ್ತವನ ನಡಿಗೆ ಹಾಗೆ ಬಂತು. ನೀನಾಗಿದ್ದರೆ ‘ಅವನ ಎದೆ ಭಾರವಾಯಿತು’ ಅಂತ ಬರೆದು ಮುಂದೆ ಹೋಗುತ್ತಿದ್ದೆ, ಅಲ್ವಾ? ಹೆಂಡತಿಯಾಗಿ ಜಾನೆಟ್ ಗೇನರ್. ಅವನು ತಂದಿಟ್ಟ ಕೇಕನ್ನು ಬಾಯಿಗಿಟ್ಟುಕೊಂಡು ಅಳು ತಡೆಯಲಾಗದೆ ಕೂರುತ್ತಾಳಲ್ಲ, ಆ ದೃಶ್ಯವನ್ನು ಎರಡು ಸಲ ನೋಡು. 1929ರಲ್ಲಿ ಮೊಟ್ಟಮೊದಲ ಆಸ್ಕರ್ ಕೊಟ್ಟಾಗ ಶ್ರೇಷ್ಠ ನಟಿ ಪ್ರಶಸ್ತಿ ಗೇನರ್‌ಗೆ ಬಂತು. ಆಗ ‘ಸೆವೆಂತ್ ಹೆವನ್’, ‘ಸ್ಟ್ರೀಟ್ ಏಂಜೆಲ್’, ‘ಸನ್‌ರೈಸ್’ ಮೂರಕ್ಕೂ ಸೇರಿಸಿ ಒಂದೇ ಪ್ರಶಸ್ತಿ. ಛಾಯಾಗ್ರಹಣಕ್ಕೆ ಚಾರ್ಲ್ಸ್ ರೋಷರ್, ಕಾರ್ಲ್ ಸ್ಟ್ರಸ್ ಇಬ್ಬರಿಗೂ ಬಂತು.

ಪರದೆ ಮೇಲೆ ಬರುವ ಬರಹವೂ ಕಡಿಮೆ. ‘ಅವಳು ಮುಳುಗಿ ಸತ್ತರೆ?’ ಅನ್ನುವ ಸಾಲು ಬಂದಾಗ ಅಕ್ಷರಗಳೇ ಕರಗಿ ಕೆಳಗೆ ಜಾರುತ್ತವೆ. ಆಮೇಲಾಮೇಲೆ ಬರಹವೇ ಅಪರೂಪ. ನಿನ್ನ ಕಥೆಯ ಕೊನೆಯ ಅರ್ಧದಲ್ಲಿ ಎಷ್ಟು ಸಂಭಾಷಣೆ ತೆಗೆದರೂ ಕಥೆ ನಿಲ್ಲುತ್ತದೆ, ಸುಮ್ನೆ ತೆಗೆದು ನೋಡು. ಕರೆಂಟ್ ಹೋದಾಗ ಹೆಂಡತಿ ಹುಡುಕುವ ಟಾರ್ಚ್ ಒಂದಿದೆಯಲ್ಲ, ಅದನ್ನು ಒಂದೇ ಸಲ ತಂದು ಬಿಟ್ಟಿದ್ದೀಯ. ಅದಕ್ಕೆ ಇನ್ನೊಂದು ಕೆಲಸ ಕೊಡು.

ಈ ಸಿನಿಮಾದಿಂದ ಒಂದನ್ನು ಮಾತ್ರ ಕಲಿಯಬೇಡ. ಪಟ್ಟಣದವಳಾಗಿ ಮಾರ್ಗರೆಟ್ ಲಿವಿಂಗ್‌ಸ್ಟನ್ ಚೆನ್ನಾಗಿಯೇ ಮಾಡಿದ್ದಾರೆ. ಆದರೆ ಆ ಪಾತ್ರಕ್ಕೆ ಸಿಗರೇಟು, ಕತ್ತರಿಸಿದ ಕೂದಲು, ಕೆಟ್ಟ ಬುದ್ಧಿ ಬಿಟ್ಟರೆ ಬೇರೇನೂ ಕೊಟ್ಟಿಲ್ಲ. ಕೊನೆಗೆ ಗಾಡಿ ಹತ್ತಿಸಿ ಕಳಿಸಿಬಿಡುತ್ತಾರೆ. ನಿನ್ನ ಕಥೆಯ ಆಫೀಸಿನ ಹುಡುಗಿಯೂ ಈಗ ಹಾಗೇ ಇದ್ದಾಳೆ. ಅವಳು ಸಂಜೆ ಮನೆಗೆ ಹೋಗಿ ಏನು ಮಾಡುತ್ತಾಳೆ? ಅದನ್ನು ಯೋಚಿಸಿ, ಇನ್ನೊಂದು ಸಲ ಬರೆದು ಕಳಿಸು.

ನಿನ್ನ,
ಅಣ್ಣ